ಮೂರೇ ನಿಮಿಷದಲ್ಲಿ ಹೆದರಿಸೋದು ಹೇಗೆ? ಕಿರು ಹಾರರ್ ಸಿನಿಮಾ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಫೋನಿನಲ್ಲಿ ಶೂಟ್ ಮಾಡಿ, ಮನೆಯಲ್ಲೇ ಎಡಿಟ್ ಮಾಡಿ, ಎರಡು ಮೂರು ನಿಮಿಷದ ದೆವ್ವದ ಸಿನಿಮಾ ಮಾಡುವ ಹುಚ್ಚು ನನಗೆ ಹಿಡಿದು ಕೆಲವು ವರ್ಷವಾಯಿತು. ಅವುಗಳಲ್ಲಿ ಒಂದೆರಡು ಜನರನ್ನು ಹೆದರಿಸಿದವು. ಉಳಿದವು ನಗಿಸಿದವು. ಹೊಸದಾಗಿ ಶುರು ಮಾಡುವವರು ಕೇಳುವ ಪ್ರಶ್ನೆಗಳು ಹೆಚ್ಚುಕಮ್ಮಿ ಒಂದೇ ಥರ ಇರುತ್ತವೆ. ಹಾಗಾಗಿ ಉತ್ತರಗಳನ್ನು ಒಂದೇ ಕಡೆ ಬರೆದಿಟ್ಟಿದ್ದೇನೆ. ಸದ್ದಿನ ಬಗ್ಗೆ ಜಾಸ್ತಿ ಇದೆ, ಮೇಕಪ್ ಬಗ್ಗೆ ಮೂರ್ನಾಲ್ಕು ಸಾಲು. ಯಾಕೆ ಅಂತ ಓದುತ್ತಾ ಹೋದರೆ ಗೊತ್ತಾಗುತ್ತೆ.

ಮೂರು ನಿಮಿಷದಲ್ಲಿ ನಿಜವಾಗಿಯೂ ಹೆದರಿಸೋಕೆ ಆಗುತ್ತಾ?

ಆಗುತ್ತೆ. ಸಾಕ್ಷಿ ಬೇಕಿದ್ದರೆ 'ಲೈಟ್ಸ್ ಔಟ್' ನೋಡಿ. ಸ್ವೀಡನ್ನಿನ ಡೇವಿಡ್ ಎಫ್. ಸ್ಯಾಂಡ್‌ಬರ್ಗ್ 2013ರಲ್ಲಿ ತಮ್ಮ ಮನೆಯಲ್ಲೇ ತೆಗೆದದ್ದು. ನಟಿಸಿದ್ದು ಹೆಂಡತಿ ಲೊಟ್ಟಾ ಲೊಸ್ಟೆನ್. ಮೂರು ನಿಮಿಷಕ್ಕೂ ಕಮ್ಮಿ. ಲೈಟ್ ಆರಿಸಿದರೆ ಪ್ಯಾಸೇಜಿನಲ್ಲಿ ಒಂದು ಆಕೃತಿ ನಿಂತಿರುತ್ತೆ, ಲೈಟ್ ಹಾಕಿದರೆ ಇರಲ್ಲ. ಕಥೆ ಅಷ್ಟೇ. 2016ರಲ್ಲಿ ಅವರೇ ಅದನ್ನು ಹಾಲಿವುಡ್ಡಿನಲ್ಲಿ ದೊಡ್ಡ ಸಿನಿಮಾ ಮಾಡಿದರು. ಆಂಡಿ ಮುಶಿಯೆಟಿಯವರ 2008ರ 'ಮಾಮಾ' ಕೂಡ ಮೂರು ನಿಮಿಷದ ಆಸುಪಾಸಿನದು. ಅದನ್ನು ನೋಡಿ ಮೆಚ್ಚಿದ ಹೆಸರಾಂತ ನಿರ್ದೇಶಕ ಗಿಯೆರ್ಮೊ ಡೆಲ್ ಟೊರೊ ಬೆನ್ನಿಗೆ ನಿಂತರು. 2013ರಲ್ಲಿ ಅದೂ ದೊಡ್ಡ ಸಿನಿಮಾ ಆಯಿತು.

ಅಷ್ಟು ದೂರ ಯಾಕೆ, ನಮ್ಮ ಅಜ್ಜಿಯಂದಿರನ್ನೇ ನೆನೆಸಿಕೊಳ್ಳಿ. ಕರೆಂಟ್ ಹೋಗಿ ಬರುವಷ್ಟರೊಳಗೆ ಒಂದು ಕೊಳ್ಳಿದೆವ್ವದ ಕಥೆ ಹೇಳಿ ಮುಗಿಸುತ್ತಿದ್ದರು. ಆಮೇಲೆ ಬೆಳಗಾಗುವವರೆಗೂ ನಾವು ಯಾರೂ ಹಿತ್ತಲ ಕಡೆ ತಲೆ ಹಾಕುತ್ತಿರಲಿಲ್ಲ.

ಸಸ್ಪೆನ್ಸ್ ಬೇರೆ, ಬೆಚ್ಚಿಬೀಳಿಸೋದು ಬೇರೆ ಅಂತಾರೆ. ಏನು ವ್ಯತ್ಯಾಸ?

ಸಸ್ಪೆನ್ಸ್ ಸಿನಿಮಾಗಳಿಗೆ ಹೆಸರಾದ ನಿರ್ದೇಶಕ ಹಿಚ್‌ಕಾಕ್ 1962ರಲ್ಲಿ ಫ್ರಾನ್ಸಿನ ನಿರ್ದೇಶಕ ಟ್ರುಫೋ ಜೊತೆ ಮಾತಾಡುವಾಗ ಕೊಟ್ಟ ಉದಾಹರಣೆ ಸಿನಿಮಾ ಮಂದಿಗೆಲ್ಲ ಬಾಯಿಪಾಠ. ಇಬ್ಬರು ಮೇಜಿನ ಮುಂದೆ ಕೂತು ಹರಟುತ್ತಿದ್ದಾರೆ. ಮೇಜಿನ ಕೆಳಗೆ ಬಾಂಬ್ ಇದೆ. ಅದು ನಮಗೆ ಗೊತ್ತಿಲ್ಲದೆ ಸಿಡಿದರೆ 15 ಸೆಕೆಂಡ್ ಗಾಬರಿ. ಬಾಂಬ್ ಇರೋದು ನಮಗೆ ಮೊದಲೇ ಗೊತ್ತಿದ್ದು, ಆ ಇಬ್ಬರಿಗೆ ಗೊತ್ತಿಲ್ಲದಿದ್ದರೆ 15 ನಿಮಿಷ ಒದ್ದಾಟ. ಅದೇ ಸಸ್ಪೆನ್ಸ್. ಹರಟೆ ಮಾತ್ರ ಅದೇ ಹರಟೆ.

ನಾನು ಈ ಪುಟದಲ್ಲಿ ಏನೇ ಹೇಳಿದರೂ ಸುತ್ತಿ ಬಳಸಿ ಇಲ್ಲಿಗೇ ಬರುತ್ತೇನೆ. ನೋಡುವವರಿಗೆ ಪಾತ್ರಕ್ಕಿಂತ ಒಂದೇ ಒಂದು ವಿಷಯ ಮೊದಲೇ ಗೊತ್ತಾಗಬೇಕು. ಎರಡು ಬೇಡ. ಮೂರು ನಿಮಿಷದಲ್ಲಿ ಎರಡು ವಿಷಯ ಹೊತ್ತುಕೊಂಡು ಕೂರುವ ತಾಳ್ಮೆ ಯಾರಿಗೂ ಇಲ್ಲ.

ಕಥೆ ಎಲ್ಲಿಂದ ಶುರು ಮಾಡಲಿ?

ಹಳೇ ಬಂಗಲೆ, ಸ್ಮಶಾನ, ಬಿಳಿ ಸೀರೆ, ಕೆದರಿದ ಕೂದಲು ಎಲ್ಲ ಬದಿಗಿಡಿ. ದಿನಾ ಕೈಗೆ ಕಾಲಿಗೆ ಸಿಗುವ ಒಂದು ವಸ್ತು ತಗೊಳ್ಳಿ. ಅದರ ಬಗ್ಗೆ ಎಲ್ಲರಿಗೂ ಗೊತ್ತಿರುವ ಒಂದು ನಿಯಮ ಇರಬೇಕು. ಆ ನಿಯಮ ತಪ್ಪಿದರೆ ಏನಾಗುತ್ತೆ ಅಂತ ಯೋಚಿಸಿ.

ನನ್ನದೇ ಒಂದನ್ನು ಹೇಳುತ್ತೇನೆ. ವಸ್ತು ಚಪ್ಪಲಿ. ಹೊಸ್ತಿಲ ಹೊರಗೆ ಚಪ್ಪಲಿ ಇದೆ ಅಂದರೆ ಆಸಾಮಿ ಒಳಗಿದ್ದಾರೆ, ಚಪ್ಪಲಿ ಇಲ್ಲ ಅಂದರೆ ಹೊರಟುಹೋಗಿದ್ದಾರೆ. ನಮ್ಮ ಕಡೆ ಯಾರಿಗೂ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಒಂದು ಹುಡುಗಿ ಬಾಡಿಗೆ ಮನೆಯಲ್ಲಿ ಒಬ್ಬಳೇ ಇದ್ದಾಳೆ. ರಾತ್ರಿ ಕೆಲಸ ಮುಗಿಸಿ ಬಂದು, ಚಪ್ಪಲಿ ಹೊರಗೆ ಬಿಟ್ಟು ಒಳಗೆ ಹೋಗುತ್ತಾಳೆ. ಸ್ವಲ್ಪ ಹೊತ್ತಿಗೆ ಬೆಳಗಿನ ಹಾಲಿಗೆ ಚೀಲ ನೇತುಹಾಕೋಕೆ ಬಾಗಿಲು ತೆಗೆಯುತ್ತಾಳೆ. ಅವಳ ಚಪ್ಪಲಿ ಪಕ್ಕ ಇನ್ನೊಂದು ಜೊತೆ ಇದೆ. ಹಳೇ ಹವಾಯಿ. ಒದ್ದೆ. ಮೂತಿ ಮನೆ ಕಡೆಗೆ. ಮಳೆ ಬಂದಿಲ್ಲ. ಪಕ್ಕದ ಮನೆಯವರದ್ದಿರಬೇಕು ಅಂತ ಕಾಲಲ್ಲೇ ಆಚೆ ತಳ್ಳುತ್ತಾಳೆ. ಇನ್ನೊಂದು ಸಲ ಕಸದ ಬುಟ್ಟಿ ಇಡೋಕೆ ಬಂದರೆ ಅದು ಮತ್ತೆ ಹೊಸ್ತಿಲಿಗೆ ಅಂಟಿಕೊಂಡಂತೆ ನಿಂತಿದೆ. ಬಾಗಿಲು ಹಾಗೇ ಬಿಟ್ಟು, ಪಕ್ಕದ ಮನೆಯವರಿಗೆ ಕೇಳೋಣ ಅಂತ ಫೋನ್ ತರೋಕೆ ಒಳಗೆ ಹೋಗುತ್ತಾಳೆ. ವಾಪಸ್ ಬಂದಾಗ ಹವಾಯಿ ಇಲ್ಲ. 'ಸದ್ಯ, ಹೋಯ್ತು' ಅಂತ ಬಾಗಿಲು ಮುಚ್ಚಿ ಚಿಲಕ ಹಾಕುತ್ತಾಳೆ. ಆಗ ಅಡುಗೆಮನೆಯಿಂದ ಸದ್ದು. ಪಟ್. ಪಟ್. ಪಟ್. ಯಾರೋ ಹವಾಯಿ ಚಪ್ಪಲಿ ಹಾಕಿಕೊಂಡು ಮನೆಯೊಳಗೆ ನಡೆದ ಸದ್ದು.

ಮೊದಲ ಸಲ ಎಡಿಟ್ ಮಾಡಿ ತೋರಿಸಿದಾಗ ಜನ ಕೊನೆಯ ಸದ್ದಿಗೆ ಸುಮ್ನೆ ಬೆಚ್ಚಿದರು. ಆಮೇಲೆ ಟೀ ಕುಡಿದರು. ಏನೋ ಕಮ್ಮಿ ಅನ್ನಿಸಿತು. ವಾರ ಬಿಟ್ಟು ನಾಲ್ಕು ಸೆಕೆಂಡಿನ ಒಂದು ಶಾಟ್ ಸೇರಿಸಿದೆ. ಅವಳು ಫೋನ್ ಹುಡುಕುತ್ತಿರುವಾಗ, ಹೊಸ್ತಿಲ ಒಳಗಡೆ, ಕೆಂಪು ನೆಲದ ಮೇಲೆ, ಒಂದು ಒದ್ದೆ ಚಪ್ಪಲಿ ಗುರುತು. ಅವಳು ಅದನ್ನು ನೋಡಲ್ಲ, ದಾಟಿಕೊಂಡು ಬಾಗಿಲಿಗೆ ಬರುತ್ತಾಳೆ. ಈ ಸಲ ನೋಡಿದವರಲ್ಲಿ ಒಬ್ಬರು ಕಿರುಚಿದ್ದು ಕೊನೆಯ ಸದ್ದಿಗಲ್ಲ, ಅವಳು ಚಿಲಕಕ್ಕೆ ಕೈ ಹಾಕಿದಾಗ. 'ಹಾಕ್ಬೇಡ್ವೇ ಬಾಗ್ಲು!'

ಬಾಂಬು ಮೇಜಿನ ಕೆಳಗೇ ಇರಬೇಕು ಅಂತಿಲ್ಲ.

ನಮ್ಮ ಜಾನಪದ ದೆವ್ವಗಳನ್ನು ಬಳಸಬಹುದಾ?

ಧಾರಾಳವಾಗಿ. ಆದರೆ ಬರೀ ವೇಷ ಎತ್ತಿಕೊಳ್ಳಬೇಡಿ, ಕಥೆ ಕಟ್ಟಿದ ರೀತಿ ನೋಡಿ. 'ನಾಳೆ ಬಾ' ತಗೊಳ್ಳಿ. 1990ರ ದಶಕದಲ್ಲಿ ಕರ್ನಾಟಕದ ಎಷ್ಟೋ ಊರುಗಳಲ್ಲಿ, ಬೆಂಗಳೂರಿನ ಓಣಿಗಳಲ್ಲೂ, ಬಾಗಿಲ ಮೇಲೆ ಸುಣ್ಣದಲ್ಲೋ ಸೀಮೆಸುಣ್ಣದಲ್ಲೋ ಈ ಎರಡು ಪದ ಇರುತ್ತಿದ್ದವು. ರಾತ್ರಿ ಯಾರೋ ಬಾಗಿಲು ತಟ್ಟುತ್ತಾರೆ. ದನಿ ಅಮ್ಮನದು, ಇಲ್ಲಾ ಅಣ್ಣನದು. ತೆಗೆದವರು ಉಳಿಯಲ್ಲ. ಬಾಗಿಲ ಮೇಲೆ 'ನಾಳೆ ಬಾ' ಅಂತ ಬರೆದಿದ್ದರೆ ಅದು ಓದಿಕೊಂಡು ವಾಪಸ್ ಹೋಗುತ್ತೆ. ಮಾರನೇ ದಿನ ಮತ್ತೆ ಬರುತ್ತೆ. ಮತ್ತೆ ಅದೇ ಓದುತ್ತೆ.

ಇದನ್ನು ಯಾರು ಕಟ್ಟಿದರೋ, ಕಿರು ಹಾರರ್ ಬರೆಯೋರಿಗೆಲ್ಲ ಗುರು. ದೆವ್ವದ ಮುಖ ಹೇಗಿದೆ ಅಂತ ಎಲ್ಲೂ ಇಲ್ಲ. ಇರೋದು ಒಂದು ಬಾಗಿಲು, ಪರಿಚಯದ ಒಂದು ದನಿ, ಒಂದು ನಿಯಮ. ಬಚಾವಾದರೂ ಬಚಾವಾದದ್ದು ಇವತ್ತಿಗೆ ಮಾತ್ರ. ಬರೆದ ಅಕ್ಷರ ಮಳೆಗೆ ಅಳಿಸಿಹೋದರೆ? ಮನೆಗೆ ಬಂದ ನೆಂಟರ ಮಗು ಆಟಕ್ಕೆ 'ನಾಳೆ'ಯನ್ನು ಅಳಿಸಿ ಬರೀ 'ಬಾ' ಉಳಿಸಿದರೆ? ನೋಡಿ, ಒಂದು ನಿಯಮದಿಂದ ಎಷ್ಟು ಕಥೆ ಹುಟ್ಟುತ್ತೆ. (ಎರಡನೆಯದು ನಾನೇ ಮಾಡಬೇಕು ಅಂತಿದ್ದೆ. ನೀವು ಮಾಡಿಕೊಂಡರೂ ಬೇಜಾರಿಲ್ಲ.)

ಒಂದು ಎಚ್ಚರ ಮಾತ್ರ. ಕರಾವಳಿಯ ಭೂತಾರಾಧನೆಯನ್ನು ದೆವ್ವದ ಲೆಕ್ಕಕ್ಕೆ ಸೇರಿಸಬೇಡಿ. ಪಂಜುರ್ಲಿ, ಗುಳಿಗ ಎಲ್ಲ ಅಲ್ಲಿನವರಿಗೆ ದೈವಗಳು, ಮನೆ ಕಾಯೋರು, ನ್ಯಾಯ ಹೇಳೋರು. ತುಳುವಿನಲ್ಲಿ ಸತ್ತವರ ಆತ್ಮಕ್ಕೆ 'ಕುಲೆ' ಅಂತ ಬೇರೆಯೇ ಪದ ಇದೆ. ಗೊತ್ತಿಲ್ಲದೆ ಕೋಲದ ಬಣ್ಣ, ಅಣಿ (ಬೆನ್ನಿಗೆ ಕಟ್ಟುವ ದೊಡ್ಡ ಅಲಂಕಾರ) ತಂದು ಜಂಪ್ ಸ್ಕೇರಿಗೆ, ಅಂದರೆ ದಿಢೀರನೆ ಬೆಚ್ಚಿಬೀಳಿಸೋಕೆ, ಬಳಸಿದರೆ ಯಾರೂ ಹೆದರಲ್ಲ, ನೋವು ಮಾಡಿಕೊಳ್ಳುತ್ತಾರೆ.

ಮೂರು ನಿಮಿಷವನ್ನು ಹೇಗೆ ಹಂಚಬೇಕು?

ಅಳತೆಗೋಲು ಇಟ್ಟುಕೊಂಡು ಮಾಡುವ ಕೆಲಸ ಅಲ್ಲ. ಆದರೂ ನನ್ನ ಚಪ್ಪಲಿ ಕಥೆಯ ಲೆಕ್ಕ ಹೇಳುತ್ತೇನೆ. ಮೊದಲ 25 ಸೆಕೆಂಡ್ ಏನೂ ಆಗಲ್ಲ, ಆದರೆ ಚಪ್ಪಲಿ ಬಿಡುವುದು ಕಾಣುತ್ತೆ. ಮೊದಲ ಹವಾಯಿ ಸುಮಾರು 50ನೇ ಸೆಕೆಂಡಿಗೆ. ಒದ್ದೆ ಗುರುತು ಎರಡು ನಿಮಿಷ ದಾಟಿದ ಮೇಲೆ. ಅಲ್ಲಿಂದ ಚಿಲಕದವರೆಗೆ 30 ಸೆಕೆಂಡ್ ಎಳೆದಿದ್ದೇನೆ. ಕೊನೆಯ ಮೂರು ಪಟ್ ಪಟ್ ಪಟ್‌ಗೆ ಆರು ಸೆಕೆಂಡ್, ಆಮೇಲೆ ಕತ್ತಲು.

ಹೆಚ್ಚಿನವರು ಉಲ್ಟಾ ಮಾಡುತ್ತಾರೆ. ಟೈಟಲ್ ಕಾರ್ಡಿಗೆ, ಡ್ರೋನ್ ಶಾಟಿಗೆ, ಹೀರೋ ಹಲ್ಲುಜ್ಜೋದಕ್ಕೆ ಒಂದು ನಿಮಿಷ ಕೊಟ್ಟು, ಭಯಕ್ಕೆ 20 ಸೆಕೆಂಡ್ ಉಳಿಸುತ್ತಾರೆ. ಪಾತ್ರದ ಹೆಸರು, ಊರು, ಬ್ರೇಕಪ್ಪು ಯಾವುದೂ ಬೇಡ. ಒಬ್ಬಳೇ ಇದ್ದಾಳೆ ಅಂತ ಗೊತ್ತಾದರೆ ಸಾಕು. ಒಂದೇ ತಟ್ಟೆ, ಒಂದೇ ಲೋಟ ತೊಳೆದು ಬೋರಲು ಹಾಕಿದ್ದನ್ನು ತೋರಿಸಿ, ಮುಗೀತು.

ಇನ್ನೊಂದು. ಕಟ್ ಮಾಡಬೇಕು ಅನ್ನಿಸಿದ ಜಾಗದಲ್ಲಿ ಇನ್ನೆರಡು ಸೆಕೆಂಡ್ ಬಿಡಿ. ಖಾಲಿ ಬಾಗಿಲನ್ನು ಅಷ್ಟು ಹೊತ್ತು ತೋರಿಸಿದರೆ ನೋಡುವವರು ತಾವೇ ಅಲ್ಲಿ ಏನನ್ನಾದರೂ ನಿಲ್ಲಿಸಿಕೊಳ್ಳುತ್ತಾರೆ. ಎಲ್ಲ ಶಾಟಿಗೂ ಹೀಗೆ ಮಾಡಿದರೆ ನಿದ್ದೆ ಬರುತ್ತೆ, ಅದೂ ನಿಜ.

ದೆವ್ವವನ್ನು ತೋರಿಸಬೇಕಾ ಬೇಡ್ವಾ?

ಬಜೆಟ್ ಇಲ್ಲದಿದ್ದರೆ ತೋರಿಸಬೇಡಿ. ಬಜೆಟ್ ಇದ್ದರೆ ಇನ್ನೂ ಯೋಚನೆ ಮಾಡಿ. 1975ರ 'ಜಾಸ್' ಸಿನಿಮಾಕ್ಕೆ ಮಾಡಿಸಿದ್ದ ಯಂತ್ರದ ಶಾರ್ಕ್ ಉಪ್ಪುನೀರಿಗೆ ಇಳಿದ ಮೇಲೆ ಪದೇ ಪದೇ ಕೆಟ್ಟಿತು. ಬೇರೆ ದಾರಿ ಇಲ್ಲದೆ ಸ್ಪಿಲ್‌ಬರ್ಗ್ ಶಾರ್ಕನ್ನು ಆದಷ್ಟು ಮರೆಯಲ್ಲೇ ಇಟ್ಟು, ನೀರು ಮತ್ತು ಸಂಗೀತದಲ್ಲಿ ಕೆಲಸ ಸಾಗಿಸಿದರು. ಜನ ಹೆದರಿದ್ದು ಕಾಣದ ಶಾರ್ಕಿಗೇ.

ತೋರಿಸಲೇಬೇಕು ಅಂದರೆ ತುಂಡು ತುಂಡಾಗಿ ತೋರಿಸಿ. ಬಾಗಿಲ ಅಂಚಿನಲ್ಲಿ ನಾಲ್ಕು ಬೆರಳು. ಪರದೆ ಕೆಳಗೆ ಪಾದ. ದೂರದಲ್ಲಿ, ಔಟ್ ಆಫ್ ಫೋಕಸ್‌ನಲ್ಲಿ ನಿಂತ ಒಂದು ಎತ್ತರ. ಹತ್ತಿರದಿಂದ, ಪೂರ್ತಿ, ಬೆಳಕಲ್ಲಿ ತೋರಿಸಿದರೆ ಅದು ನಿಮ್ಮ ಕಸಿನ್ ಅಂತ ಎಲ್ಲರಿಗೂ ಗೊತ್ತಾಗುತ್ತೆ.

ಕತ್ತಲಲ್ಲಿ ಶೂಟ್ ಮಾಡಿದರೆ ಚಿತ್ರವೆಲ್ಲ ಕಾಳು ಕಾಳಾಗಿ ಬರುತ್ತೆ. ಏನು ಮಾಡಲಿ?

ಕತ್ತಲಲ್ಲಿ ಶೂಟ್ ಮಾಡಬೇಡಿ. ಕತ್ತಲು ಕಾಣುವ ಹಾಗೆ ಶೂಟ್ ಮಾಡಿ. ಫೋನಿನ ಸೆನ್ಸರ್ ಚಿಕ್ಕದು. ಬೆಳಕು ಇಲ್ಲದಿದ್ದರೆ ಅದು ಐಎಸ್‌ಒ (ಬೆಳಕಿಗೆ ಕ್ಯಾಮೆರಾ ಸ್ಪಂದಿಸುವ ಮಟ್ಟ) ಏರಿಸಿಕೊಂಡು ಕಾಳು ತುಂಬುತ್ತೆ. ಫ್ರೇಮಿನಲ್ಲಿ ಎಲ್ಲಾದರೂ ಒಂದು ಕಡೆ ಗಟ್ಟಿ ಬೆಳಕು ಇರಲಿ. ಹಿಂದಿನ ರೂಮಿನಲ್ಲಿ ಉರಿಯುವ ಒಂದು ಬಲ್ಬು, ತೆರೆದ ಫ್ರಿಜ್ಜು, ದೇವರ ಮನೆಯ ದೀಪ. ಪಾತ್ರ ಅದರ ಮುಂದೆ ಕಪ್ಪಾಗಿ ನಿಲ್ಲಲಿ. ಉಳಿದ ಜಾಗ ತಾನಾಗಿಯೇ ಕತ್ತಲಾಗುತ್ತೆ. ನೋಡುವವರು ಅರ್ಧ ಜನ ಬಸ್ಸಿನಲ್ಲಿ ಕಿಟಕಿ ಪಕ್ಕ ಕೂತು ನೋಡುತ್ತಾರೆ ಅನ್ನೋದು ನೆನಪಿರಲಿ. ಪೂರ್ತಿ ಕಪ್ಪು ಚಿತ್ರದಲ್ಲಿ ಅವರಿಗೆ ಕಾಣೋದು ತಮ್ಮದೇ ಮುಖ.

ಫೋನಿನ ಎಕ್ಸ್‌ಪೋಶರ್ (ಚಿತ್ರ ಎಷ್ಟು ಬೆಳಕಾಗಿ ಬರಬೇಕು ಅನ್ನೋ ಸೆಟ್ಟಿಂಗ್) ಲಾಕ್ ಮಾಡೋದು ಮರೆಯಬೇಡಿ. ಇಲ್ಲದಿದ್ದರೆ ಪಾತ್ರ ಕತ್ತಲೆಗೆ ಕಾಲಿಟ್ಟ ತಕ್ಷಣ ಫೋನು 'ಅಯ್ಯೋ ಪಾಪ' ಅಂತ ತಾನೇ ಬೆಳಕು ಜಾಸ್ತಿ ಮಾಡುತ್ತೆ.

ಟ್ಯೂಬ್‌ಲೈಟ್ ಅಡಿಯಲ್ಲಿ ಚಿತ್ರದ ಮೇಲೆ ಪಟ್ಟೆ ಓಡುತ್ತಿದ್ದರೆ ಅದು ದೆವ್ವದ ಕೆಲಸ ಅಲ್ಲ. ನಮ್ಮ ಕರೆಂಟು 50 ಹರ್ಟ್ಜ್, ಅಂದರೆ ದೀಪ ಸೆಕೆಂಡಿಗೆ 100 ಸಲ ಮಿನುಗುತ್ತೆ. ಮ್ಯಾನುಯಲ್ ಮೋಡಿನಲ್ಲಿ ಶಟರ್ ಸ್ಪೀಡ್ (ಒಂದೊಂದು ಚಿತ್ರಕ್ಕೂ ಬೆಳಕು ಬೀಳುವ ಹೊತ್ತು) 1/50 ಅಥವಾ 1/100 ಸೆಕೆಂಡ್ ಇಟ್ಟರೆ ಪಟ್ಟೆ ಹೋಗುತ್ತೆ. 1/60 ಇಟ್ಟರೆ ಬರುತ್ತೆ. ನನಗೆ ಇದು ಗೊತ್ತಾಗಿದ್ದು ಒಂದು ಇಡೀ ರಾತ್ರಿಯ ಶೂಟಿಂಗ್ ಹಾಳಾದ ಮೇಲೆ.

ಲೈಟ್ ಆರಿದಾಗ ಬಂದು, ಹಾಕಿದಾಗ ಮಾಯವಾಗುವ ಟ್ರಿಕ್ ಹೇಗೆ ಮಾಡ್ತಾರೆ?

ಕ್ಯಾಮೆರಾ ಕದಲಬಾರದು, ಅಷ್ಟೇ ಗುಟ್ಟು. ಟ್ರೈಪಾಡಿನಲ್ಲಿ ಗಟ್ಟಿಯಾಗಿ ನಿಲ್ಲಿಸಿ. ಫೋಕಸ್, ಎಕ್ಸ್‌ಪೋಶರ್ ಎರಡೂ ಲಾಕ್. ಲೈಟ್ ಹಾಕಿ ಖಾಲಿ ಜಾಗ ಶೂಟ್ ಮಾಡಿ, ಆರಿಸಿ ಆಕೃತಿ ನಿಲ್ಲಿಸಿ ಶೂಟ್ ಮಾಡಿ, ಸ್ವಿಚ್ಚಿನ 'ಟಕ್' ಸದ್ದಿನ ಜಾಗದಲ್ಲಿ ಎರಡನ್ನೂ ಸೇರಿಸಿ. ಪಾತ್ರವೂ ಅದೇ ಫ್ರೇಮಿನಲ್ಲಿ ಇರಬೇಕಾದರೆ ಫ್ರೇಮನ್ನು ಅರ್ಧ ಸೀಳಿ, ಒಂದರ್ಧ ಒಂದು ಶಾಟಿನಿಂದ, ಇನ್ನೊಂದರ್ಧ ಇನ್ನೊಂದರಿಂದ ತಗೊಳ್ಳಿ. ಹೀಗೆ ಫ್ರೇಮಿನ ಒಂದು ಭಾಗವನ್ನಷ್ಟೇ ಉಳಿಸಿಕೊಳ್ಳುವ 'ಮಾಸ್ಕ್' ಫೋನಿನ ಎಡಿಟಿಂಗ್ ಆ್ಯಪುಗಳಲ್ಲೂ ಇರುತ್ತೆ.

ಸದ್ದಿಗೆ ಯಾಕೆ ಇಷ್ಟು ಮಹತ್ವ ಕೊಡ್ತೀರಿ?

ಕಣ್ಣು ಮುಚ್ಚಿಕೊಳ್ಳಬಹುದು, ಕಿವಿ ಮುಚ್ಚೋಕೆ ರೆಪ್ಪೆ ಇಲ್ಲ. ಹಾರರ್ ನೋಡುವಾಗ ಜನ ಬೆರಳ ಸಂದಿಯಿಂದ ನೋಡುತ್ತಾರಲ್ಲ, ಆಗಲೂ ಸದ್ದು ಪೂರ್ತಿ ಕೇಳುತ್ತಿರುತ್ತೆ.

ಮೊದಲು ಮನೆಯ ಸದ್ದು ಕೇಳಿಸಿಕೊಳ್ಳಿ. ರಾತ್ರಿ ಹನ್ನೊಂದಾದ ಮೇಲೆ ಒಂದು ಕಡೆ ಸುಮ್ನೆ ಕೂತು ಪಟ್ಟಿ ಮಾಡಿ. ನನ್ನ ಪಟ್ಟಿಯಲ್ಲಿ ಇದ್ದವು ಇವು: ಹಲ್ಲಿ ಲೊಚಗುಟ್ಟುವುದು, ಮೇಲಿನ ಮನೆಯವರು ಕುರ್ಚಿ ಎಳೆಯುವುದು, ನಲ್ಲಿ ತೊಟ್ಟಿಕ್ಕುವುದು, ಯುಪಿಎಸ್ ಬೀಪ್, ಟ್ಯಾಂಕ್ ತುಂಬಿ ನೀರು ಬೀಳುವುದು, ಬೀದಿ ನಾಯಿ ಊಳಿಡುವುದು, ಖಾಲಿ ಪ್ಲಾಸ್ಟಿಕ್ ಕವರ್ ಫ್ಯಾನ್ ಗಾಳಿಗೆ ಸರಪರ ಅನ್ನುವುದು. ಒಂದೊಂದೂ ನಮಗೆ ಎಷ್ಟು ರೂಢಿ ಅಂದರೆ ಕೇಳಿಸುವುದೇ ಇಲ್ಲ. ಅದಕ್ಕೇ ಅವು ನಿಂತಾಗ ತಕ್ಷಣ ಗೊತ್ತಾಗುತ್ತೆ. ಜೀರುಂಡೆ ಸದ್ದು ಎರಡು ನಿಮಿಷ ನಿಲ್ಲದೆ ಇರಲಿ, ಆಮೇಲೆ ಒಂದೇ ಏಟಿಗೆ ನಿಲ್ಲಿಸಿ. ಏನೂ ಆಗದಿದ್ದರೂ ನೋಡುವವರ ಬೆನ್ನು ನೆಟ್ಟಗಾಗುತ್ತೆ.

ಮೌನ ಅಂದರೆ ಸದ್ದಿನ ಟ್ರ್ಯಾಕನ್ನು ಸೊನ್ನೆ ಮಾಡುವುದಲ್ಲ. ಹಾಗೆ ಮಾಡಿದರೆ ಫೋನ್ ಕೆಟ್ಟಿತಾ ಅಂತ ನೋಡುತ್ತಾರೆ. ಪ್ರತಿ ರೂಮಿಗೂ ಒಂದು ಖಾಲಿ ಸದ್ದು ಇರುತ್ತೆ. ರೂಮ್ ಟೋನ್ ಅನ್ನುತ್ತಾರೆ. ಶೂಟಿಂಗ್ ಮುಗಿದ ಮೇಲೆ ಎಲ್ಲರನ್ನೂ ಅಲ್ಲೇ ಸುಮ್ನೆ ನಿಲ್ಲಿಸಿ ಅರ್ಧ ನಿಮಿಷ ರೆಕಾರ್ಡ್ ಮಾಡಿಕೊಳ್ಳಿ. ಎಡಿಟಿಂಗಿನಲ್ಲಿ ಅದೇ ನಿಮ್ಮ ಮೌನ.

ರೆಕಾರ್ಡ್ ಮಾಡುವಾಗ ಫ್ರಿಜ್ ಆಫ್ ಮಾಡಿ, ಬೈಕಿನ ಕೀ ಫ್ರಿಜ್ಜಿನೊಳಗೆ ಇಡಿ. ಮನೆಗೆ ಹೊರಡುವಾಗ ಕೀ ಹುಡುಕುತ್ತೀರಿ, ಫ್ರಿಜ್ ನೆನಪಾಗುತ್ತೆ. ಸೌಂಡಿನವರ ಹಳೇ ಉಪಾಯ. ನನ್ನ ಗೆಳೆಯನ ಮನೆಯಲ್ಲಿ ಎರಡು ಲೀಟರ್ ಹಾಲು ಒಡೆದ ಮೇಲೆ ನಾನೂ ಪಾಲಿಸುತ್ತಿದ್ದೇನೆ.

ಮುಖ್ಯವಾದ ಸದ್ದನ್ನು ಬೇರೆಯಾಗಿ, ಹತ್ತಿರದಿಂದ ರೆಕಾರ್ಡ್ ಮಾಡಿ. ಹವಾಯಿ ಸದ್ದಿಗೆ ನಾನು ಐದು ಜೊತೆ ಪ್ರಯತ್ನಿಸಿದೆ. ಹೊಸದರ ಸದ್ದು ಮೆತ್ತಗೆ. ಹಿಮ್ಮಡಿ ಸವೆದ ಹಳೆಯದೇ ಸರಿಹೋಯಿತು, ಅದೂ ಒದ್ದೆ ಮಾಡಿ ಬಚ್ಚಲ ನೆಲದ ಮೇಲೆ. ಮೊದಲ ಪಟ್ ಮತ್ತು ಎರಡನೇ ಪಟ್ ನಡುವೆ ಎಷ್ಟು ಬಿಡುವು ಅನ್ನೋದಕ್ಕೇ ಒಂದು ಸಂಜೆ ಹಿಡಿಯಿತು. ಬೇಗ ಬಂದರೆ ಯಾರೋ ಹಾಲು ಕಾಯಿಸೋಕೆ ಹೋದ ಹಾಗಿತ್ತು. ನಿಧಾನ ಮಾಡಿದ ಮೇಲೆ, ನಡೆಯುತ್ತಿರೋದಕ್ಕೆ ನಮ್ಮ ಇರವು ಗೊತ್ತಾಗಿದೆ ಅನ್ನಿಸಿತು.

ಭಯದ ಮ್ಯೂಸಿಕ್ ಹಾಕಬೇಕಾ? ಕೇಳಿಸದ ಸದ್ದಿನಿಂದ ಹೆದರಿಸಬಹುದು ಅಂತಾರಲ್ಲ?

ಫ್ರೀ ಲೈಬ್ರರಿಯ 'ಹಾರರ್ ಮ್ಯೂಸಿಕ್' ಹಾಕಿದರೆ, ಹೆದರಬೇಕಾದ ಜಾಗ ಇದು ಅಂತ ಬೋರ್ಡ್ ನೆಟ್ಟ ಹಾಗೆ. ಇಲ್ಲದಿದ್ದರೇ ವಾಸಿ.

ಎರಡನೆಯದರ ಕಥೆ ಮಜವಾಗಿದೆ. ಇಂಗ್ಲೆಂಡಿನ ಎಂಜಿನಿಯರ್ ವಿಕ್ ಟ್ಯಾಂಡಿಗೆ ತಾನು ಕೆಲಸ ಮಾಡುತ್ತಿದ್ದ ಪ್ರಯೋಗಾಲಯದಲ್ಲಿ ಮೈ ಜುಮ್ಮೆಂದು, ಕಣ್ಣಂಚಿನಲ್ಲಿ ಬೂದು ಆಕೃತಿ ಕಂಡಿತ್ತು. ಮರುದಿನ ಕತ್ತಿವರಸೆಯ ಕತ್ತಿಯೊಂದನ್ನು ಅಲ್ಲಿ ಬಿಗಿದಿಟ್ಟಾಗ ಅದು ತಾನಾಗಿಯೇ ನಡುಗತೊಡಗಿತು. ಹುಡುಕಿದರೆ ಎಲ್ಲದರ ಮೂಲ ಒಂದು ಎಕ್ಸಾಸ್ಟ್ ಫ್ಯಾನ್. ಅದರಿಂದ ಸುಮಾರು 19 ಹರ್ಟ್ಜಿನ, ಕಿವಿಗೆ ಕೇಳದ ಕಂಪನ ಹುಟ್ಟುತ್ತಿತ್ತು. ಇದನ್ನು ಅವರು 1998ರಲ್ಲಿ ಬರೆದರು. ಅಲ್ಲಿಂದ 'ದೆವ್ವದ ಫ್ರೀಕ್ವೆನ್ಸಿ' ಅಂತ ಹಬ್ಬಿತು.

ನಿಮ್ಮ ಸಿನಿಮಾಕ್ಕೆ ಇದರಿಂದ ಉಪಯೋಗ ಇಲ್ಲ. ಫೋನಿನ ಸ್ಪೀಕರಿಗೆ 100 ಹರ್ಟ್ಜಿನ ಗುಡುಗೇ ಸರಿಯಾಗಿ ಬರಲ್ಲ, ಇನ್ನು 19 ಎಲ್ಲಿಂದ? ನಾನೊಮ್ಮೆ ಹೆಡ್‌ಫೋನ್ ಹಾಕಿಕೊಂಡು ಎದೆ ನಡುಗುವ ಗುಂಯ್‌ಗುಡುವಿಕೆ ಸೇರಿಸಿದ್ದೆ. ನೋಡಿದವರಿಗೆ ಏನೂ ಕೇಳಿಸಲಿಲ್ಲ. ಸಿನಿಮಾ ಮುಗಿದ ಮೇಲೆ ಒಂದು ಸಲ ಹೆಡ್‌ಫೋನಿನಲ್ಲಿ, ಒಂದು ಸಲ ಅಗ್ಗದ ಫೋನಿನ ಸ್ಪೀಕರಿನಲ್ಲಿ ಕೇಳಿ. ಬಾಗಿಲು, ಉಸಿರು, ಉಗುರು, ಚಪ್ಪಲಿ ಎರಡರಲ್ಲೂ ಕೇಳುತ್ತವೆ.

ಜಂಪ್ ಸ್ಕೇರ್ ಅಂದರೆ ಮೋಸ ಅಂತಾರೆ. ಹೌದಾ?

ಧುತ್ತನೆ ಒಂದು ಮುಖ, ಜೊತೆಗೆ ಕಿವಿ ಹರಿಯುವ ಸದ್ದು. ಇದು ಯಾರು ಬೇಕಾದರೂ ಮಾಡಬಹುದು, ಕುಕ್ಕರ್ ಸೀಟಿಯೂ ಮಾಡುತ್ತೆ. ಚೆನ್ನಾಗಿ ಮಾಡಿದ್ದು ಬೇಕಾದರೆ 1942ರ 'ಕ್ಯಾಟ್ ಪೀಪಲ್' ನೋಡಿ. ರಾತ್ರಿ ಒಬ್ಬಳು ನಡೆಯುತ್ತಿದ್ದಾಳೆ, ಹಿಂದೆ ಹೆಜ್ಜೆ ಸದ್ದು. ಹೆಜ್ಜೆ ನಿಲ್ಲುತ್ತೆ. ಅವಳು ಓಡುತ್ತಾಳೆ. ಈಗ ಎರಗುತ್ತೆ ಅನ್ನುವಾಗ ಬುಸ್ಸೆಂದು ನುಗ್ಗುವುದು ಒಂದು ಬಸ್ಸು. ನಿರ್ಮಾಪಕ ವಾಲ್ ಲ್ಯೂಟನ್ ಹೆಸರಿನಿಂದ ಇಂಥದ್ದಕ್ಕೆ ಇವತ್ತಿಗೂ 'ಲ್ಯೂಟನ್ ಬಸ್' ಅನ್ನುತ್ತಾರೆ. ಆ ಬಸ್ಸು ಕೆಲಸ ಮಾಡಿದ್ದು ಅದಕ್ಕೂ ಮುಂಚಿನ ಹೆಜ್ಜೆಗಳಿಂದ.

ಮೂರು ನಿಮಿಷಕ್ಕೆ ಒಂದು ಸಾಕು. ಮತ್ತೆ 'ನೋಡಿದಳು, ಇಲ್ಲ; ನೋಡಿದಳು, ಇಲ್ಲ; ನೋಡಿದಳು, ಇದೆ' ಅನ್ನುವ ಮೂರರ ಲೆಕ್ಕ ಈಗ ಮಕ್ಕಳಿಗೂ ಗೊತ್ತು. ಮೂರನೇ ಸಲವೂ ಏನೂ ಇರದಿದ್ದರೆ ಜನ ಉಸಿರು ಬಿಡುತ್ತಾರೆ. ಆ ಉಸಿರಿನ ಮಧ್ಯದಲ್ಲಿ ಬನ್ನಿ.

ನಟರು ಸಿಗಲ್ಲ. ಮನೆಯವರನ್ನೇ ಹಾಕಿಕೊಂಡರೆ ನಾಟಕದ ಥರ ಆಗುತ್ತೆ.

ಹೆದರುವುದನ್ನು ನಟಿಸಿ ಅಂದರೆ ಎಲ್ಲರೂ ಕಣ್ಣರಳಿಸಿ ಬಾಯಿ ತೆರೆಯುತ್ತಾರೆ. ಅದರ ಬದಲು ಕೆಲಸ ಕೊಡಿ. 'ಈ ಚೀಲ ಮೊಳೆಗೆ ಸಿಕ್ಕಿಸಿ.' 'ಫೋನ್ ಸೋಫಾ ಸಂದಿಯಲ್ಲಿದೆ, ಹುಡುಕಿ.' ಅಪಾಯ ಗೊತ್ತಿಲ್ಲದ ಪಾತ್ರ ಸಹಜವಾಗಿ ಕೆಲಸ ಮಾಡುತ್ತಿದ್ದರೆ ಸಾಕು, ಹೆದರುವುದು ನೋಡುವವರ ಕೆಲಸ.

ಮಾತು ಕಮ್ಮಿ ಇಡಿ. ಇರುವ ಮಾತು ಅವರ ಮನೆಯ ಕನ್ನಡದಲ್ಲೇ ಇರಲಿ. ಧಾರವಾಡದ ಹುಡುಗಿ 'ಯಾರದು?' ಅನ್ನೋ ಬದಲು 'ಯಾರ್ರೀ ಅದು?' ಅಂದರೆ ಅವಳು ನಿಜವಾದ ಮನೆಯಲ್ಲಿದ್ದಾಳೆ ಅನ್ನಿಸುತ್ತೆ. ರಾತ್ರಿ ಕಿರುಚುವ ಸೀನ್ ಇದ್ದರೆ ಅಕ್ಕಪಕ್ಕದವರಿಗೆ ಮೊದಲೇ ಹೇಳಿ. ನಾವು ಹೇಳಿರಲಿಲ್ಲ. ಎದುರು ಮನೆಯ ಅಂಕಲ್ ದೊಣ್ಣೆ ಹಿಡಿದು ಬಂದರು.

ರಕ್ತ, ಮೇಕಪ್?

ಕುಂಕುಮದ ನೀರು ಕ್ಯಾಮೆರಾದಲ್ಲಿ ಗುಲಾಬಿಯಾಗಿ ಕಾಣುತ್ತೆ, ಬೇಡ. ಕಪ್ಪು ಬಿಳುಪಿನಲ್ಲಿ ಮಾಡುವುದಾದರೆ ಚಾಕೊಲೇಟ್ ಸಿರಪ್ ಸಾಕು. 1960ರ 'ಸೈಕೋ' ಸಿನಿಮಾದ ಸ್ನಾನದ ಮನೆ ದೃಶ್ಯದಲ್ಲಿ ಹರಿದದ್ದೂ ಅದೇ. ಅದಕ್ಕಿಂತ ಜಾಸ್ತಿ ತಲೆ ಕೆಡಿಸಿಕೊಳ್ಳಬೇಡಿ.

ಕೊನೆ ಹೇಗಿರಬೇಕು?

ಕನಸಾಗಿತ್ತು ಅಂತ ಮಾತ್ರ ಇರಬಾರದು. ಅದು ಕಾಸು ತಗೊಂಡು ಚಿಲ್ಲರೆ ಕೊಡದ ಹಾಗೆ. ವಿವರಣೆಯೂ ಬೇಡ. 'ಈ ಮನೆಯಲ್ಲಿ ಹತ್ತು ವರ್ಷದ ಹಿಂದೆ' ಅಂತ ಅಕ್ಷರ ಬಂದ ಕೂಡಲೇ ಭಯ ಇಳಿಯುತ್ತೆ. ಹವಾಯಿ ಯಾರದು, ಯಾಕೆ ಒದ್ದೆ ಅಂತ ನನಗೆ ತುಂಬಾ ಜನ ಕೇಳಿದ್ದಾರೆ. ಒಬ್ಬರು ಬಾವಿ ಅಂದರು, ಒಬ್ಬರು ಕೆರೆ ಅಂದರು, ಮಲೆನಾಡಿನ ಒಬ್ಬರು ಹೊಳೆ ದಾಟುವಾಗ ಹೋದವರ ಕಥೆಯನ್ನೇ ಹೇಳಿದರು. ನಾನು ಯೋಚಿಸಿದ್ದಕ್ಕಿಂತ ಎಲ್ಲವೂ ಚೆನ್ನಾಗಿದ್ದವು.

ಕತ್ತಲಾಗುವ ಕ್ಷಣವನ್ನು ಒಂದು ಚೂರು ಮುಂಚೆಯೇ ತನ್ನಿ. ಅವಳು ತಿರುಗಿ ನೋಡುವುದರೊಳಗೆ.

ನಿಜವಾದ ಜಾಗಗಳಲ್ಲಿ, ನಿಜವಾದ ಜನರನ್ನು ಹೆದರಿಸಿ ಶೂಟ್ ಮಾಡಿದರೆ ಚೆನ್ನಾಗಿರುತ್ತಲ್ವಾ?

ಬೇಡ. 2019ರ ನವೆಂಬರಿನಲ್ಲಿ ಬೆಂಗಳೂರಿನ ಯಶವಂತಪುರದ ಕಡೆ ದೆವ್ವದ ವೇಷ ಹಾಕಿ ರಾತ್ರಿ ದಾರಿಹೋಕರನ್ನು, ಆಟೋದವರನ್ನು ಹೆದರಿಸುತ್ತಿದ್ದ ಏಳು ಯುವಕರನ್ನು ಪೊಲೀಸರು ಬಂಧಿಸಿದ್ದರು. ಯೂಟ್ಯೂಬಿಗೆ ಪ್ರ್ಯಾಂಕ್ ಮಾಡುತ್ತಿದ್ದರಂತೆ. ರಾತ್ರಿ ಬೈಕಿನಲ್ಲಿ ಬರುವವರು ಗಾಬರಿಯಾಗಿ ಬಿದ್ದರೆ ಏನು ಗತಿ? ಸ್ಮಶಾನವೂ ಯಾರದೋ ಮನೆಯವರು ಮಲಗಿರುವ ಜಾಗ. ಕೇಳದೆ ಹೋಗಬೇಡಿ. ಬಾಡಿಗೆ ಮನೆಯ ಪ್ಯಾಸೇಜಿನಷ್ಟು ಹೆದರಿಕೆ ಅಲ್ಲಿ ಇಲ್ಲ ಅನ್ನೋದು ಬೇರೆ ಮಾತು.

ಅಡ್ಡವಾಗಿ ಶೂಟ್ ಮಾಡಲಾ, ಉದ್ದವಾಗಿ ಮಾಡಲಾ?

ಯೂಟ್ಯೂಬ್ ಶಾರ್ಟ್ಸ್ 2024ರ ಅಕ್ಟೋಬರಿನಿಂದ ಮೂರು ನಿಮಿಷದವರೆಗೂ ಬಿಡುತ್ತಿದೆ. ಹಾಗಾಗಿ ಉದ್ದ ಫ್ರೇಮಿಗೆ ಈಗ ಬೆಲೆ ಬಂದಿದೆ. ಅಡ್ಡ ಫ್ರೇಮಿನಲ್ಲಿ ಪಾತ್ರದ ಪಕ್ಕ ಖಾಲಿ ಜಾಗ ಸಿಗುತ್ತೆ, ನೋಡುವವರ ಕಣ್ಣು ಅಲ್ಲೇ ಓಡಾಡುತ್ತೆ. ಉದ್ದ ಫ್ರೇಮಿನಲ್ಲಿ ಪಕ್ಕ ಏನೂ ಕಾಣಲ್ಲ. ಅದೂ ಒಳ್ಳೆಯದೇ. ಬಾಗಿಲ ಸಂದಿ, ಮೆಟ್ಟಿಲು, ಅಟ್ಟ, ಬಾವಿ ಎಲ್ಲ ಉದ್ದಕ್ಕೇ ಹೇಳಿ ಮಾಡಿಸಿದವು. ತಲೆಯ ಮೇಲೆ ಜಾಗ ಬಿಟ್ಟು ನೋಡಿ.

ಮುಗಿದ ಮೇಲೆ ಮೊದಲು ಯಾರಿಗೆ ತೋರಿಸಬೇಕು?

ಕಥೆ ಗೊತ್ತಿಲ್ಲದ ಒಬ್ಬರಿಗೆ. ಅವರು ಸಿನಿಮಾ ನೋಡಲಿ, ನೀವು ಅವರನ್ನು ನೋಡಿ. ಎಷ್ಟನೇ ಸೆಕೆಂಡಿಗೆ ಕಣ್ಣು ಆಚೆ ಹೋಯಿತು, ಎಲ್ಲಿ ಕೈ ಬಿಗಿಯಾಯಿತು ಅಂತ ಬರೆದುಕೊಳ್ಳಿ. 'ಹೇಗಿತ್ತು' ಅಂತ ಕೇಳಬೇಡಿ, ಎಲ್ಲರೂ 'ಚೆನ್ನಾಗಿದೆ' ಅಂತಲೇ ಹೇಳುತ್ತಾರೆ.

ಚಪ್ಪಲಿ ಸಿನಿಮಾದ ಎರಡನೇ ಎಡಿಟನ್ನು ನಾನು ಮೊದಲು ತೋರಿಸಿದ್ದು ಅಮ್ಮನಿಗೆ. ಪೂರ್ತಿ ನೋಡಿದರು. ಏನೂ ಹೇಳಲಿಲ್ಲ. 'ಊಟಕ್ಕೆ ಏಳು' ಅಂದು ಒಳಗೆ ಹೋದರು. ರಾತ್ರಿ ಬಾಗಿಲು ಹಾಕೋಕೆ ಹೋದಾಗ ನೋಡಿದರೆ ಹೊರಗೆ ಒಂದೂ ಚಪ್ಪಲಿ ಇರಲಿಲ್ಲ. ಎಲ್ಲವನ್ನೂ ಒಳಗೆ ತಂದು, ಪೇಪರ್ ಹಾಸಿ, ಸಾಲಾಗಿ ಜೋಡಿಸಿಟ್ಟಿದ್ದರು.